ಲಾರಿಯ ಜೊತೆ ತಿರುಗುವ ಕಲ್ಲು

“ಕಲ್ಲು ಹಸಿರಾಗ್ತಾ ಇದೆ!” ಎಂದು ಸಾಮಿಯಾ ಲಾರಿಯ ಕೆಳಗಿನಿಂದ ಕೂಗಿದಳು.

“ನೀನು ಕಪ್ಪಾಗ್ತಾ ಇದ್ದೀ. ಮೊದ್ಲು ಹೊರಗೆ ಬಾ,” ಎಂದಳು ಅವಳ ದಾದಿ, ಅಪ್ಪನ ತಾಯಿ.

ಸಾಮಿಯಾ ಹೊರಗೆ ಬರಲಿಲ್ಲ. ಮೊಣಕೈ ಊರಿ ಇನ್ನೂ ಸ್ವಲ್ಪ ಒಳಗೆ ಸರಿದಳು. ಅವಳ ಅಬ್ಬಾ ಅಜರ್ ಪೈಪು ಹಿಡಿದು ಲಾರಿ ತೊಳೆಯುತ್ತಿದ್ದ. ಲಾರಿಯಿಂದ ಇಳಿದ ನೀರು ಹಿಂದಿನ ಗಾಲಿಗೆ ಕೊಟ್ಟಿದ್ದ ಕಲ್ಲಿನ ಮೇಲೆ ಸುರಿಯುತ್ತಿತ್ತು. ಶಿರಸಿಯಲ್ಲಿ ಸಪಾಟಾದ ಗಲ್ಲಿ ಹುಡುಕುವುದು ಕಷ್ಟ. ಇವರ ಮನೆ ಎದುರಿನದಂತೂ ಒಳ್ಳೆಯ ಇಳಿಜಾರು. ಗಾಲಿಗೆ ಕಲ್ಲು ಕೊಡದೆ ನಿಲ್ಲಿಸಿದರೆ ಲಾರಿ ಡ್ರೈವರನ್ನು ಬಿಟ್ಟು ತಾನೇ ಮಾರ್ಕೆಟ್ಟಿಗೆ ಹೋಗಿಬಿಡಬಹುದು.

ಕಲ್ಲು ತೆಂಗಿನಕಾಯಿಗಿಂತ ಸ್ವಲ್ಪ ದೊಡ್ಡದು. ಅದರ ಬದಿಗೆ ಬೂದು ಬಣ್ಣದ ಉಂಡೆಯೊಂದು ಅಂಟಿಕೊಂಡಿತ್ತು. ಇಷ್ಟು ದಿನ ಸಾಮಿಯಾ ಅದನ್ನು ಗ್ರೀಸೂ ಧೂಳೂ ಸೇರಿ ಆದದ್ದು ಎಂದುಕೊಂಡಿದ್ದಳು. ಲಾರಿಯ ಸುತ್ತಮುತ್ತ ಇರುವುದೆಲ್ಲ ಕೊನೆಗೆ ಹಾಗೇ ಆಗುತ್ತದೆ, ಅಬ್ಬಾನ ಅಂಗಿಯೂ ಸೇರಿದಂತೆ. ಆದರೆ ಈಗ ನೀರು ಬಿದ್ದದ್ದೇ ತಡ, ಆ ಉಂಡೆ ಮೆಲ್ಲಗೆ ಉಬ್ಬಿತು. ಮುದುಡಿದ್ದ ಎಲೆಗಳೆಲ್ಲ ಬಿಚ್ಚಿಕೊಂಡವು. ನೋಡನೋಡುತ್ತಿದ್ದಂತೆ ಅದು ಹಸಿರಾಗಿ ಕೂತಿತು.

“ದಾದಿ, ಪಾಚಿ! ಸತ್ತೇ ಹೋಗಿತ್ತು, ಈಗ ಜೀವ ಬಂತು!”

“ನಮ್ಮ ಬಚ್ಚಲಿಗೆ ಬಾ, ಸಾಯದೇ ಇರೋ ಪಾಚಿ ಬೇಕಾದಷ್ಟಿದೆ. ಉಜ್ಜಿ ಉಜ್ಜಿ ನಾನೇ ಸಾಯ್ತಾ ಇದ್ದೇನೆ,” ಎಂದಳು ದಾದಿ.

ದಾದಿಯ ಹೆಸರು ಚಾಂದ್ ಬಿ. ಪಾಚಿಯ ವಿಷಯದಲ್ಲಿ ಅವಳಿಗೆ ಯಾವ ಆಸೆಯೂ ಇರಲಿಲ್ಲ. ಸಾಮಿಯಾಗೆ ಮಾತ್ರ ಬಹಳ ಆಸೆಯಿತ್ತು. ಐದನೇ ಕ್ಲಾಸಿಗೆ ವಿಜ್ಞಾನ ಕಲಿಸುವ ಮಮತಾ ಅಕ್ಕೋರು ಎಲ್ಲರಿಗೂ ಒಂದು ಕೆಲಸ ಕೊಟ್ಟಿದ್ದರು. ಕಲ್ಲಿನ ಮೇಲೆ ಬೆಳೆಯುವ ಪಾಚಿಯನ್ನು ಹುಡುಕಬೇಕು, ಯಾವುದೆಂದು ಗುರುತಿಸಬೇಕು. ಕೀಳಬಾರದು. ಕಿತ್ತು ತಂದವರಿಗೆ ಸೊನ್ನೆ. ಅದು ಇದ್ದಲ್ಲೇ ಕೂತು ಚಿತ್ರ ಬರೆದು ತರಬೇಕು. ಎಲ್ಲರಿಗಿಂತ ಬೇರೆ ಪಾಚಿ ಕಂಡವರ ಹೆಸರು ತಾಲ್ಲೂಕು ವಿಜ್ಞಾನ ಪ್ರದರ್ಶನದ ಚಾರ್ಟಿನ ಮೇಲೆ ದಪ್ಪ ಅಕ್ಷರದಲ್ಲಿ ಬರುತ್ತದೆ. ಸಾಮಿಯಾಳ ಹೆಸರು ಇದುವರೆಗೆ ದಪ್ಪ ಅಕ್ಷರದಲ್ಲಿ ಎಲ್ಲೂ ಬಂದಿರಲಿಲ್ಲ. ಗಲಾಟೆ ಮಾಡಿದವರ ಹೆಸರು ಬರೆಯುವ ಬೋರ್ಡಿನ ಮೂಲೆಯಲ್ಲಿ ಬಂದಿತ್ತು, ಅದೂ ಸಣ್ಣ ಅಕ್ಷರದಲ್ಲಿ.

ಅವಳು ಒಳಗೆ ಓಡಿ ಗನಿ ಚಾಚಾನ ಭೂತಗನ್ನಡಿ ತಂದಳು. ಅಬ್ಬಾನ ತಮ್ಮ ಗನಿ ಚಾಚಾ ಬಸ್‌ಸ್ಟ್ಯಾಂಡ್ ಹತ್ತಿರ ವಾಚು ರಿಪೇರಿ ಮಾಡುತ್ತಾನೆ. ಅವನದು ಕೈಯಲ್ಲಿ ಹಿಡಿಯುವ ಭೂತಗನ್ನಡಿ ಅಲ್ಲ, ಕಣ್ಣಿಗೇ ಸಿಕ್ಕಿಸಿಕೊಳ್ಳುವಂಥದ್ದು. ಅದನ್ನು ಸಿಕ್ಕಿಸಿಕೊಂಡರೆ ಸಾಮಿಯಾಳ ಅರ್ಧ ಮುಖವೇ ಮುಚ್ಚಿಹೋಗುತ್ತಿತ್ತು.

“ಅದರಲ್ಲಿ ಪಾಚಿ ನೋಡಿದ್ರೆ ನಾಳೆ ನಂಗೆ ವಾಚಲ್ಲೂ ಪಾಚಿ ಕಾಣತ್ತೆ,” ಎಂದ ಚಾಚಾ. ಆದರೂ ಕೊಟ್ಟ.

ಗಾಜಿನೊಳಗಿಂದ ನೋಡಿದರೆ ಅದು ಬೇರೆಯೇ ಊರು. ಸಣ್ಣ ಸಣ್ಣ ಗಿಡಗಳು ಒತ್ತೊತ್ತಾಗಿ ನಿಂತು ಗುಂಡನೆಯ ಮೆತ್ತೆ ಆಗಿದ್ದವು. ಒಂದೊಂದು ಎಲೆಯ ತುದಿಯಲ್ಲೂ ಒಂದೊಂದು ಬಿಳಿ ಕೂದಲು. ನಡುನಡುವೆ ಪುಟ್ಟ ಕಾಯಿಗಳಿದ್ದವು. ಅವುಗಳ ತೊಟ್ಟು ನೆಟ್ಟಗೆ ನಿಲ್ಲದೆ ಬಾಗಿತ್ತು. ಬೈಸಿಕೊಂಡ ಮಕ್ಕಳ ಹಾಗೆ ಕಾಯಿಗಳೆಲ್ಲ ಎಲೆಯೊಳಗೆ ತಲೆ ತಗ್ಗಿಸಿ ಕೂತಿದ್ದವು. ಸಾಮಿಯಾ ಒಂದೂ ಬಿಡದೆ ಎಲ್ಲವನ್ನೂ ಬರೆದುಕೊಂಡಳು.

ಅಮ್ಮಿಯ ಫೋನಿನಲ್ಲಿ ಫೋಟೋ ಕೂಡ ತೆಗೆದಳು. ಆ ಫೋನಿನ ಕ್ಯಾಮೆರಾ ಗಾಜು ಒಡೆದು ಎಷ್ಟೋ ಕಾಲವಾಗಿತ್ತು. ಫೋಟೋದಲ್ಲಿ ಪಾಚಿ ಹಸಿರು ಚಟ್ನಿಯ ಹಾಗೆ ಬಂತು.

ಸೋಮವಾರ ಕ್ಲಾಸಿನಲ್ಲಿ ಅಕ್ಕೋರು ಒಬ್ಬೊಬ್ಬರ ಚಿತ್ರವನ್ನೇ ನೋಡಿದರು. ಹೆಚ್ಚಿನವರು ಶಾಲೆಯ ಕಂಪೌಂಡಿನ ಪಾಚಿಯನ್ನೇ ಬರೆದಿದ್ದರು. ಅದಕ್ಕಾಗಿ ಎಲ್ಲೂ ಹೋಗಬೇಕಿರಲಿಲ್ಲ.

“ಪವನ್, ನಿಂದು ಚಾಪೆಯಾ, ಮೆತ್ತೆಯಾ?”

“ಮೆತ್ತೆ ಅಕ್ಕೋರೇ. ಗೋಡೆ ಮೇಲೆ ಹರಡಿಕೊಂಡಿಲ್ಲ, ಉಂಡೆಯಾಗಿ ಕೂತಿದೆ.”

“ಎಲೆ ತುದೀಲಿ ಕೂದಲಿದೆಯಾ?”

“ಇಲ್ಲ.”

“ಕಾಯಿ ತೊಟ್ಟು?”

“ನೆಟ್ಟಗೆ ನಿಂತಿದೆ.”

“ಸರಿ. ಎಲ್ಲರದ್ದೂ ಹೀಗೇನಾ?”

“ನಂದು ಹಾಗಿಲ್ಲ,” ಎಂದಳು ಸಾಮಿಯಾ.

ಅಕ್ಕೋರು ಅವಳ ಚಿತ್ರವನ್ನು ಕಿಟಕಿಯ ಹತ್ತಿರ ಹಿಡಿದು ನೋಡಿದರು. ಬ್ಯಾಗಿನಿಂದ ದಪ್ಪ ಪುಸ್ತಕ ತೆಗೆದು ಪುಟ ತಿರುವಿದರು. ಒಂದು ಪುಟದಲ್ಲಿ ನಿಂತರು. ಚಿತ್ರ ನೋಡಿದರು, ಪುಸ್ತಕ ನೋಡಿದರು, ಸಾಮಿಯಾಳ ಮುಖ ನೋಡಿದರು.

“ಗ್ರಿಮ್ಮಿಯಾ ಇದ್ದ ಹಾಗಿದೆ,” ಎಂದರು.

“ಸಾಮಿಯಾ, ಅಕ್ಕೋರೇ.”

“ನಿನ್ನ ಹೆಸರಲ್ಲ, ಪಾಚಿದು. ಮೆತ್ತೆ, ಬಿಳಿ ಕೂದಲು, ಬಾಗಿದ ತೊಟ್ಟು. ಮೂರೂ ಸರಿ ಇದೆ. ಆದರೆ ಇದು ಎತ್ತರದ ತಂಪು ಬೆಟ್ಟದ ಜಾತಿ. ನಮ್ಮ ಕಡೆ ಇರೋದು ಈ ಪುಸ್ತಕದಲ್ಲೆಲ್ಲೂ ಇಲ್ಲ. ನಿಜವಾಗಿ ಸಿಕ್ತಾ?”

“ಸಿಕ್ತು. ನಮ್ಮ ಮನೆ ಎದುರೇ.”

“ಫೋನಲ್ಲಿ ನೋಡಿ ಬರೆದಿರ್ತಾಳೆ,” ಎಂದ ಪವನ್. “ಪಾಚಿಗೆ ಎಲ್ಲಾದ್ರೂ ಬಿಳಿ ಕೂದಲು ಬರತ್ತಾ? ವಯಸ್ಸಾಗಿದೆಯಾ ಅದಕ್ಕೆ?”

ಕ್ಲಾಸೆಲ್ಲ ನಕ್ಕಿತು. ಅಕ್ಕೋರು ನಗಲಿಲ್ಲ. “ನಾಳೆ ಎಲ್ಲರೂ ಹೋಗಿ ನೋಡೋಣ,” ಎಂದರು.

ಮಂಗಳವಾರ ಮಧ್ಯಾಹ್ನ ಐದನೇ ಕ್ಲಾಸು ಸಾಲಾಗಿ ಸಾಮಿಯಾಳ ಗಲ್ಲಿಗೆ ಬಂತು. ಎಲ್ಲರಿಗಿಂತ ಮುಂದೆ ಸಾಮಿಯಾ ಇದ್ದಳು. ತಿರುವು ದಾಟಿದವಳು ಅಲ್ಲೇ ನಿಂತುಬಿಟ್ಟಳು.

ಲಾರಿ ಇರಲಿಲ್ಲ. ಲಾರಿ ನಿಲ್ಲುವ ಜಾಗದಲ್ಲಿ ಆಯಿಲ್ ಕಲೆಯೂ ಒಂದು ಕೋಳಿಯೂ ಇದ್ದವು.

“ದಾದಿ, ಅಬ್ಬಾ ಗುರುವಾರ ಹೋಗೋದಲ್ವಾ?”

“ಬೆಳಿಗ್ಗೆ ನೀನು ಶಾಲೆಗೆ ಹೋದ ಮೇಲೆ ಫೋನ್ ಬಂತು. ದಾಸನಕೊಪ್ಪದಲ್ಲಿ ಶುಂಠಿ ರೆಡಿ ಇದೆಯಂತೆ. ಸೊಲ್ಲಾಪುರಕ್ಕೆ ಹೋದ. ಬನ್ನಿ ಅಕ್ಕೋರೇ, ಕೂತ್ಕೊಳ್ಳಿ. ಎಲ್ಲಾ ಮಕ್ಕಳನ್ನೂ ಕರ್ಕೊಂಡು ಬಂದಿದ್ದೀರಿ, ಏನು ವಿಶೇಷ?”

“ಒಂದು ಕಲ್ಲು ನೋಡ್ಲಿಕ್ಕೆ ಬಂದಿದ್ವಿ,” ಎಂದರು ಅಕ್ಕೋರು.

“ಕಲ್ಲು ಗಾಡಿ ಜೊತೆ ಹೋಗಿದೆ,” ಎಂದಳು ದಾದಿ, ಮನೆಯ ಹಿರಿಯರು ಯಾರೋ ಪೇಟೆಗೆ ಹೋಗಿದ್ದಾರೆ ಎನ್ನುವ ಹಾಗೆ.

ಪವನ್ ಹೊಟ್ಟೆ ಹಿಡಿದುಕೊಂಡು ನಕ್ಕ. “ಕಲ್ಲು ಟೂರಿಗೆ ಹೋಗಿದೆ! ಟಿಕೆಟ್ ತಗೊಂಡಿದೆಯಾ?”

ದಾದಿ ಅವನನ್ನು ಒಮ್ಮೆ ನೋಡಿದಳು. ಆಮೇಲೆ ಅಕ್ಕೋರ ಕಡೆ ತಿರುಗಿ ಹೇಳಿದಳು. “ಬೇರೆ ಡ್ರೈವರುಗಳು ಗಾಡಿ ತೆಗೆದು ಕಲ್ಲು ಅಲ್ಲೇ ಬಿಟ್ಟು ಹೋಗ್ತಾರೆ. ಹಾಗೇ ಒಬ್ಬ ಯಲ್ಲಾಪುರ ರಸ್ತೇಲಿ ಬಿಟ್ಟು ಹೋಗಿದ್ದ. ನನ್ನ ಸಣ್ಣ ಮಗ ಗನಿ ಬೈಕಲ್ಲಿ ಬರ್ತಾ ಇದ್ದ. ಕತ್ತಲೆ, ಕಾಣಲಿಲ್ಲ. ಅವತ್ತಿಂದ ಅವನ ಬಲಗಾಲು ಸರಿ ಇಲ್ಲ. ಆಮೇಲೆ ಅಜರ್ ಯಾವ ರಸ್ತೇಲೂ ಕಲ್ಲು ಬಿಟ್ಟು ಬಂದಿಲ್ಲ. ಕ್ಯಾಬಿನ್ನಲ್ಲಿ ಇಟ್ಕೊಂಡೇ ಹೋಗ್ತಾನೆ.”

“ಮರದ ತುಂಡು ಇಟ್ಕೋಬಹುದಲ್ವಾ?” ಎಂದರು ಅಕ್ಕೋರು.

“ಮರದ್ದು ಕದೀತಾರೆ. ಕಲ್ಲು ಯಾರೂ ಕದಿಯೋದಿಲ್ಲ.”

ಬಂದ ತಪ್ಪಿಗೆ ಎಲ್ಲರೂ ಒಂದೊಂದು ಲೋಟ ಶರಬತ್ತು ಕುಡಿದು ವಾಪಸು ಹೋದರು. ಹೋಗುವಾಗ ಸಾಮಿಯಾ ಸಾಲಿನ ಕೊನೆಯಲ್ಲಿದ್ದಳು. ಅವಳ ಕಿವಿ ಕೆಂಪಾಗಿತ್ತು.

ಸಂಜೆ ಅವಳು ಗಲ್ಲಿಯ ಕಲ್ಲುಗಳನ್ನೆಲ್ಲ ಭೂತಗನ್ನಡಿ ಹಾಕಿ ಹುಡುಕಿದಳು. ಚರಂಡಿಯ ಕಲ್ಲು, ಮೆಟ್ಟಿಲಿನ ಕಲ್ಲು, ಪಕ್ಕದ ಮನೆಯವರು ಬಟ್ಟೆ ಒಗೆಯುವ ಕಲ್ಲು. ಒಂದರಲ್ಲೂ ಬಿಳಿ ಕೂದಲಿನ ಮೆತ್ತೆ ಇರಲಿಲ್ಲ. ಕೊನೆಗೆ ಅಬ್ಬಾನಿಗೇ ಫೋನ್ ಮಾಡಿದಳು.

“ಅಬ್ಬಾ, ಕಲ್ಲು ಎಲ್ಲಿದೆ?”

“ಊಟ ಆಯ್ತಾ ಅಂತ ಕೇಳೋದು ಬಿಟ್ಟು ಕಲ್ಲು ಎಲ್ಲಿದೆ ಅಂತೀಯಲ್ಲ.”

“ಊಟ ಆಯ್ತಾ ಅಬ್ಬಾ? ಕಲ್ಲು ಎಲ್ಲಿದೆ?”

“ಗಾಲಿ ಕೆಳಗೆ. ಆರಾಮಿದೆ.”

“ಅದನ್ನ ನೀವು ಗಲ್ಲೀಲಿ ಎಲ್ಲಿಂದ ತಗೊಂಡಿದ್ದು? ಅಲ್ಲೇ ಹುಡುಕಿದ್ರೆ ಇನ್ನೂ ಸಿಗಬಹುದು.”

“ಗಲ್ಲೀದಲ್ಲ ಅದು. ಊಟಿದು. ಹೋದ ಸಲ ಕ್ಯಾರೆಟ್ ಲೋಡಿಗೆ ಕಾಯ್ತಾ ಇದ್ದಾಗ ಹಳೇ ಕಲ್ಲು ಒಡೆದು ಹೋಯ್ತು. ರಸ್ತೆ ಪಕ್ಕದ ದಿಬ್ಬದಿಂದ ಇದನ್ನ ತಗೊಂಡೆ. ಯಾಕೆ?”

ಸಾಮಿಯಾ ಫೋನನ್ನು ಇನ್ನೊಂದು ಕಿವಿಗೆ ಬದಲಿಸಿದಳು.

“ಏನಿಲ್ಲ,” ಎಂದಳು.

ಏನಿಲ್ಲ ಎಂದದ್ದು ಶುದ್ಧ ಸುಳ್ಳು. ಎತ್ತರದ ತಂಪು ಬೆಟ್ಟದ ಜಾತಿ ಎಂದು ಅಕ್ಕೋರು ಹೇಳಿದ್ದು ಅವಳ ಕಿವಿಯಲ್ಲೇ ಇತ್ತು. ಪಾಚಿ ಶಿರಸಿಯಲ್ಲಿ ಬೆಳೆದದ್ದಲ್ಲ, ಕ್ಯಾರೆಟ್ಟಿನ ಲಾರಿ ಹತ್ತಿ ಬಂದದ್ದು.

ಮಾರನೆಯ ದಿನ ಹೇಳಿಬಿಡಬೇಕು ಎಂದುಕೊಂಡೇ ಅವಳು ಶಾಲೆಗೆ ಹೋದಳು. ಗೇಟಿನಲ್ಲೇ ಪವನ್ ಸಿಕ್ಕಿದ. “ಏ ಗ್ರಿಮ್ಮಿಯಾ! ನಿನ್ನ ಕಲ್ಲು ಈಗ ಎಲ್ಲಿಗೆ ಮುಟ್ತು ಮಾರಾಯ್ತಿ? ಮೆಸೇಜ್ ಮಾಡ್ತಾ?”

ಹಿಂದೆಯೇ ಬಂದ ಅಕ್ಕೋರು ಅವನ ಕಿವಿ ಹಿಡಿದರು. “ಸಾಮಿಯಾ ನೋಡದೇ ಇದ್ದದ್ದನ್ನ ಬರೆಯೋ ಹುಡುಗಿ ಅಲ್ಲ. ಲಾರಿ ಬರಲಿ, ಆಗ ನೋಡು.” ಆಮೇಲೆ ಕ್ಲಾಸಿನಲ್ಲಿ ಚಾರ್ಟ್ ಬಿಡಿಸಿ ತೋರಿಸಿದರು. ಅದರ ನೆತ್ತಿಯ ಮೇಲೆ ಪೆನ್ಸಿಲಿನಲ್ಲಿ ಬರೆದಿತ್ತು: ‘ಶಿರಸಿಯಲ್ಲಿ ಮೊದಲು ಕಂಡವಳು: ಸಾಮಿಯಾ, ಐದನೇ ತರಗತಿ.’

“ಕಣ್ಣಾರೆ ನೋಡಿದ ಮೇಲೆ ಸ್ಕೆಚ್ ಪೆನ್ನಲ್ಲಿ ತಿದ್ದೋಣ,” ಎಂದರು.

ಅಕ್ಷರಗಳು ಅವಳು ಅಂದುಕೊಂಡದ್ದಕ್ಕಿಂತಲೂ ದಪ್ಪವಾಗಿದ್ದವು. ಸಾಮಿಯಾ ತನ್ನ ಹೆಸರಿನ ಮೇಲೆ ಬೆರಳಾಡಿಸಿದಳು. ಕಲ್ಲು ಎಲ್ಲಿಂದ ಬಂತು ಎಂದು ಯಾರೂ ಕೇಳಿರಲಿಲ್ಲ. ಕೇಳದೇ ಇದ್ದದ್ದನ್ನು ಹೇಳದೇ ಇದ್ದರೆ ಅದು ಸುಳ್ಳು ಹೇಗಾಗುತ್ತದೆ? ಇದನ್ನೇ ಅವಳು ಬುಧವಾರ ತನಗೆ ತಾನೇ ಹೇಳಿಕೊಂಡಳು. ಗುರುವಾರವೂ ಹೇಳಿಕೊಂಡಳು. ಶುಕ್ರವಾರ ಹೇಳಿಕೊಳ್ಳುವಾಗ ಅದು ಅವಳಿಗೇ ಅಷ್ಟು ಸರಿ ಅನ್ನಿಸಲಿಲ್ಲ.

ಶನಿವಾರ ಬೆಳಿಗ್ಗೆ ಲಾರಿ ಬಂತು. ಅಬ್ಬಾ ಗಾಲಿಗೆ ಕಲ್ಲು ಕೊಟ್ಟು, ಒಳಗೆ ಹೋಗಿ ಗೊರಕೆ ಹೊಡೆಯತೊಡಗಿದ. ಶಾಲೆ ಬಿಟ್ಟ ಕೂಡಲೇ ಅಕ್ಕೋರು ಚಾರ್ಟ್ ಸುರುಳಿ ಮಾಡಿಕೊಂಡು ಹೊರಟರು. ಹಿಂದೆ ಅರ್ಧ ಕ್ಲಾಸು ಬಂತು. ಪವನ್ ಎಲ್ಲರಿಗಿಂತ ಮುಂದಿದ್ದ.

ಕಲ್ಲು ಇತ್ತು. ಬೂದು ಉಂಡೆಯೂ ಇತ್ತು. ಸಾಮಿಯಾ ಅದರ ಮೇಲೆ ಒಂದು ಲೋಟ ನೀರು ಹಾಕಿದಳು. ಎಲ್ಲರೂ ಲಾರಿಯ ಕೆಳಗೆ ತಲೆ ತೂರಿಸಿ ಕಾದರು. ಮೆತ್ತೆ ಉಬ್ಬಿತು, ಬಿಚ್ಚಿಕೊಂಡಿತು, ಹಸಿರಾಯಿತು. ಅಕ್ಕೋರು ಸೀರೆಯ ನೆರಿಗೆ ಎತ್ತಿ ಹಿಡಿದು ಆಯಿಲ್ ನೆಲದ ಮೇಲೇ ಮಂಡಿಯೂರಿದರು. ಭೂತಗನ್ನಡಿ ಕಣ್ಣಿಗೆ ಸಿಕ್ಕಿಸಿಕೊಂಡು ಬಹಳ ಹೊತ್ತು ನೋಡಿದರು.

“ಅದೇ,” ಎಂದರು. ಅವರ ದನಿ ಸಣ್ಣ ಹುಡುಗಿಯ ದನಿಯಾಗಿತ್ತು. “ಅದೇ ಕಣೇ ಸಾಮಿಯಾ!”

ಪವನ್ ಭೂತಗನ್ನಡಿ ಇಸಿದುಕೊಂಡ. “ಎಂತದೂ ಇಲ್ಲ. ಬರೀ ಕತ್ತಲೆ ಕಾಣ್ತದೆ.”

“ಕಣ್ಣು ಬಿಡು,” ಎಂದಳು ಸಾಮಿಯಾ.

ಪವನ್ ಕಣ್ಣು ಬಿಟ್ಟ. ಇನ್ನಷ್ಟು ಒಳಗೆ ಸರಿದ. ಹೊರಗೆ ಬಂದು, “ಕೂದಲಿದೆ ಅಕ್ಕೋರೇ. ಬಿಳೀದೇ,” ಎಂದ. ಆಮೇಲೆ ಗಾಲಿಯನ್ನು ನೋಡುತ್ತ, “ಸಾರಿ ಮಾರಾಯ್ತಿ,” ಎಂದ.

ಇಷ್ಟಾದ ಮೇಲೆ ಸಾಮಿಯಾಗೆ ಖುಷಿಯಾಗಬೇಕಿತ್ತು. ಆಗಲಿಲ್ಲ. ಅಕ್ಕೋರು ಜಗಲಿಯ ಮೇಲೆ ಚಾರ್ಟ್ ಬಿಡಿಸಿ, ಕೆಂಪು ಸ್ಕೆಚ್ ಪೆನ್ನಿನ ಮುಚ್ಚಳ ತೆಗೆದರು.

“ಸಿಕ್ಕಿದ ಜಾಗ ‘ಮನೆಯ ಎದುರು, ಶಿರಸಿ’. ಸರಿ ತಾನೇ?”

ಸುಮ್ಮನೆ ತಲೆ ಆಡಿಸಿದ್ದರೆ ಸಾಕಿತ್ತು. ಕಲ್ಲಿನ ಊರು ಗೊತ್ತಿದ್ದ ಇನ್ನೊಬ್ಬ ಮನುಷ್ಯ ಒಳಗೆ ಗೊರಕೆ ಹೊಡೆಯುತ್ತಿದ್ದ.

ಆಗ ಗಲ್ಲಿಯ ತಿರುವಿನಲ್ಲಿ ಗನಿ ಚಾಚಾ ಕಾಣಿಸಿದ. ಊಟಕ್ಕೆ ಬರುತ್ತಿದ್ದ. ಒಂದು ವಾರದಿಂದ ಅವನ ಒಳ್ಳೆಯ ಭೂತಗನ್ನಡಿ ಸಾಮಿಯಾಳ ಹತ್ತಿರವೇ ಇತ್ತು; ಹಳೆಯದರಲ್ಲಿ ವಾಚುಗಳ ಜೊತೆ ಗುದ್ದಾಡಿ ಅವನ ಮುಖ ಸೋತಿತ್ತು. ಅವನು ಯಾವಾಗಲೂ ನೆಲ ನೋಡಿಕೊಂಡೇ ನಡೆಯುತ್ತಾನೆ. ಎಡಗಾಲು ಇಡುತ್ತಾನೆ, ಮುಂದಿನ ಜಾಗ ನೋಡುತ್ತಾನೆ, ಬಲಗಾಲು ಎಳೆಯುತ್ತಾನೆ. ಸಾಮಿಯಾ ಅದನ್ನು ದಿನಾ ನೋಡುತ್ತಿದ್ದಳು. ಇವತ್ತು ಅವಳಿಗೆ ಯಲ್ಲಾಪುರ ರಸ್ತೆಯ ಆ ಡ್ರೈವರು ನೆನಪಾದ. ಅವನು ಗಾಡಿ ತೆಗೆದುಕೊಂಡು ಸುಮ್ಮನೆ ಹೊರಟುಹೋಗಿದ್ದ. ಕಲ್ಲು ಎಲ್ಲಿ ಎಂದು ಅವನನ್ನೂ ಯಾರೂ ಕೇಳಿರಲಿಲ್ಲ.

“ಊಟಿದು,” ಎಂದಳು ಸಾಮಿಯಾ.

“ಎಂತದು?” ಎಂದರು ಅಕ್ಕೋರು.

“ಕಲ್ಲು ಊಟಿದು ಅಕ್ಕೋರೇ. ಅಬ್ಬಾ ಅಲ್ಲಿಂದ ತಂದದ್ದು. ಲಾರಿ ಮಾತ್ರ ಸಿರ್ಸಿದು. ನಂಗೆ ಮಂಗಳವಾರ ಸಂಜೇನೇ ಗೊತ್ತಾಯ್ತು.”

ಅಕ್ಕೋರು ಸ್ಕೆಚ್ ಪೆನ್ನಿನ ಮುಚ್ಚಳ ಹಾಕಿದರು. ಒಂದೇ ಸಲಕ್ಕೆ ಸರಿಯಾಗಿ ಕೂರಲಿಲ್ಲ, ಇನ್ನೊಮ್ಮೆ ಒತ್ತಿದರು.

“ಯಾರ ಹತ್ರಾನಾದ್ರೂ ರಬ್ಬರ್ ಇದೆಯಾ?”

ಪವನ್ ಕಂಪಾಸ್ ಬಾಕ್ಸಿನಿಂದ ತೆಗೆದು ಕೊಟ್ಟ. ಎಂದೂ ಯಾರಿಗೂ ಕೊಡದ, ವಾಸನೆ ಬರುವ ರಬ್ಬರ್ ಅದು.

“ನಾನೇ ಅಳಿಸ್ತೇನೆ,” ಎಂದಳು ಸಾಮಿಯಾ. ಅಳಿಸುವಾಗ ಅಳು ಬಂತು. ತನ್ನ ಹೆಸರನ್ನು ತಾನೇ ಅಳಿಸುವುದು ಇಷ್ಟು ಕಷ್ಟ ಎಂದು ಅವಳಿಗೆ ಗೊತ್ತಿರಲಿಲ್ಲ. ಅಳಿಸಿದ ಮೇಲೂ ‘ಸಾ’ ಅಕ್ಷರದ ಗೆರೆ ಸ್ವಲ್ಪ ಉಳಿಯಿತು. ಮುಗಿದ ಮೇಲೆ ರಬ್ಬರಿನ ಚೂರುಗಳನ್ನು ಊದಿ ತೆಗೆದಳು.

“ಪಾಚಿ ಗುರುತಿಸಿದ್ದು ಸರಿ ಇತ್ತು,” ಎಂದರು ಅಕ್ಕೋರು, ಚಾರ್ಟ್ ಸುತ್ತುತ್ತ. ಅವರಿಗೂ ಬೇಸರವಾಗಿತ್ತು, ಅದನ್ನು ಮುಚ್ಚಿಡಲಿಲ್ಲ. “ಊರು ತಪ್ಪಿತ್ತು. ಮನೆ ಎದುರು ಅಂದೆ, ನಂಬಿದೆ. ಕಲ್ಲು ಎಲ್ಲಿದು ಅಂತ ನಾನೂ ಕೇಳಲಿಲ್ಲ ನೋಡು.”

“ಅದು ಇಲ್ಲಿ ಬದುಕತ್ತಾ ಅಕ್ಕೋರೇ?”

“ನಮ್ಮ ಬೇಸಿಗೆ, ನಮ್ಮ ಜೂನ್ ಮಳೆ... ನಂಗೆ ಗೊತ್ತಿಲ್ಲ ಪುಟ್ಟಾ.”

ದಾದಿ ಶರಬತ್ತಿನ ತಟ್ಟೆ ಹಿಡಿದು ಬಾಗಿಲಲ್ಲಿ ನಿಂತಿದ್ದಳು. “ಇವತ್ತಾದ್ರೂ ಕಲ್ಲು ಸಿಕ್ತಲ್ಲ,” ಎಂದಳು. “ಕುಡೀರಿ.”

ಸಂಜೆ ಅಬ್ಬಾ ಎದ್ದು ಮುಖ ತೊಳೆಯುವುದನ್ನೇ ಸಾಮಿಯಾ ಕಾದಿದ್ದಳು.

“ಅಬ್ಬಾ, ಮತ್ತೆ ಊಟಿಗೆ ಯಾವಾಗ?”

“ಗುರುವಾರ. ಯಾಕೆ, ಕ್ಯಾರೆಟ್ ಬೇಕಾ?”

“ಕಲ್ಲು ಅಲ್ಲೇ ಇಟ್ಟು ಬನ್ನಿ.”

“ನಾನು ಕಲ್ಲು ಬಿಟ್ಟು ಬರೋನಲ್ಲ, ನಿಂಗೆ ಗೊತ್ತು.”

“ರಸ್ತೇಲಿ ಅಲ್ಲ ಅಬ್ಬಾ. ತಗೊಂಡ ದಿಬ್ಬದ ಮೇಲೆ. ಮೆತ್ತೆ ಇರೋ ಬದಿ ಮೇಲೆ ಮಾಡಿ.”

ಅಬ್ಬಾ ಟವೆಲ್ಲಿನಲ್ಲಿ ಮುಖ ಒರೆಸಿಕೊಂಡ. ಒರೆಸುವುದು ಮಾಮೂಲಿಗಿಂತ ಹೆಚ್ಚು ಹೊತ್ತು ನಡೆಯಿತು. “ಮತ್ತೆ ನನ್ನ ಗಾಲಿಗೆ?”

“ನಾನು ಹುಡುಕಿ ಕೊಡ್ತೇನೆ.”

ಅದು ಅವಳು ತಿಳಿದಷ್ಟು ಸುಲಭವಿರಲಿಲ್ಲ. ಬುಧವಾರ ಪವನ್ ಬ್ಯಾಗಿನಲ್ಲಿ ಪುಸ್ತಕಗಳ ನಡುವೆ ಒಂದು ಕಲ್ಲು ಹೊತ್ತು ತಂದ. ಶಾಲೆಯ ಹಿಂದಿನದಂತೆ. ಒಳ್ಳೆಯ ಚಪ್ಪಟೆ ಕಲ್ಲು, ನೋಡಲು ಬೋಳು. ಸಾಮಿಯಾ ನೀರು ಹಾಕಿದಳು. ಸ್ವಲ್ಪ ಹೊತ್ತಿಗೆ ಒಂದು ಸಂದಿನಲ್ಲಿ ಉಗುರಿನಷ್ಟು ಹಸಿರು ಎದ್ದು ಬಂತು.

“ಕೂದಲಿಲ್ಲ. ನಮ್ಮ ಕಂಪೌಂಡಿನ ಜಾತಿ,” ಎಂದ ಪವನ್, ಭೂತಗನ್ನಡಿ ಇಳಿಸುತ್ತ. “ಇದು ಎಲ್ಲಾ ಕಡೆ ಇದೆ ಮಾರಾಯ್ತಿ, ನಡೀತದೆ.”

“ಇದರ ಮನೆ ಇಲ್ಲೇ ಅಲ್ವಾ? ಲಾರೀಲಿ ಊರೂರು ಯಾಕೆ ತಿರುಗ್ಬೇಕು?”

ಪವನ್ ಕಲ್ಲನ್ನು ಮತ್ತೆ ಬ್ಯಾಗಿಗೆ ಹಾಕಿಕೊಂಡು, ಹೆಗಲು ವಾಲಿಸಿಕೊಂಡು ಹೋದ. ಹೋಗುವಾಗ ಗೊಣಗುತ್ತಿದ್ದ. ಆದರೂ ವಾಪಸು ಇಟ್ಟೇ ಮನೆಗೆ ಹೋದ.

ಗುರುವಾರ ಬೆಳಿಗ್ಗೆ ಊಟಿಯ ಕಲ್ಲು ಗೋಣಿಚೀಲದ ಮೇಲೆ, ಕ್ಯಾಬಿನ್ನಿನಲ್ಲಿ, ಅಬ್ಬಾನ ಪಕ್ಕದ ಸೀಟಿನಲ್ಲಿ ಕೂತಿತ್ತು. ಲಾರಿ ಸ್ಟಾರ್ಟ್ ಆಗಿತ್ತು. ಸಾಮಿಯಾ ಬಚ್ಚಲ ಹಿಂದಿನಿಂದ ಹೊರಳಿಸಿ ತಂದ ಹೊಸ ಕಲ್ಲಿನ ಮುಂದೆ ಮಂಡಿಯೂರಿ, ಒಂದೊಂದೇ ಬದಿಗೆ ನೀರು ಹಾಕುತ್ತಿದ್ದಳು.

“ಕಲ್ಲಿಗೂ ಸ್ನಾನವಾ?” ಎಂದಳು ದಾದಿ.

“ಆಯ್ತಾ ಬೇಟಾ? ಹೊತ್ತಾಯ್ತು,” ಎಂದು ಅಬ್ಬಾ ಮೇಲಿನಿಂದ ಕೂಗಿದ. “ಬೋಳು ಕಲ್ಲು ಅದು. ನಂಗೆ ಇಲ್ಲಿಂದಲೇ ಕಾಣ್ತದೆ.”

“ಒಣಗಿದ್ರೆ ಹಾಗೇ ಕಾಣೋದು ಅಬ್ಬಾ. ಸ್ವಲ್ಪ ಕಾಯ್ಬೇಕು.”

ಅಬ್ಬಾ ಬ್ರೇಕಿನಿಂದ ಕಾಲು ತೆಗೆಯದೆ ಇಂಜಿನ್ ಆಫ್ ಮಾಡಿದ. ಸಾಮಿಯಾ ಗಾಜನ್ನು ಕಣ್ಣಿಗೆ ಸಿಕ್ಕಿಸಿಕೊಂಡು, ಕಲ್ಲನ್ನು ನಿಧಾನವಾಗಿ ಮಗುಚಿ, ಕೆಳಗಿನ ಬದಿಯನ್ನೂ ನೋಡಿದಳು.

“ಇದರಲ್ಲಿ ಯಾರೂ ಇಲ್ಲ,” ಎಂದಳು. “ತಗೊಂಡು ಹೋಗಿ.”